ಗುರುಮನೆಯ ಅಡುಗೆಕೋಣೆಯಿಂದ ಶುರುವಾದ ದಾರಿ: ರೆನೆ ಬ್ಲಾಂಶಾರ್ ಅವರ ಅಕೇಡಿಯನ್ ಚಿತ್ರಗಳು

ಪ್ರಶ್ನೆ: ನಾನು ಎರಡು ವರ್ಷಗಳಿಂದ ಕೆನಡಾದ ಮಾಂಕ್ಟನ್ ನಗರದಲ್ಲಿದ್ದೇನೆ. ನಮ್ಮ ಪಕ್ಕದ ಮನೆಯ ಹಿರಿಯ ಮಹಿಳೆ ಅಕೇಡಿಯನ್. ಸಿನಿಮಾ ಎಂದರೆ ನನಗೆ ಇಷ್ಟ ಎಂದು ತಿಳಿದ ಅವರು ರೆನೆ ಬ್ಲಾಂಶಾರ್ ಎಂಬ ನಿರ್ದೇಶಕಿಯ ಕೆಲಸ ನೋಡಲೇಬೇಕು ಎಂದರು. ಹುಡುಕಿ ನೋಡಿದರೆ ಪಾದ್ರಿಗಳ ಮನೆಗೆಲಸದವರ ಬಗ್ಗೆ ಒಂದು ಸಾಕ್ಷ್ಯಚಿತ್ರ, ಗ್ವಾಟೆಮಾಲಾದ ಬಗ್ಗೆ ಇನ್ನೊಂದು, ನಡುವೆ ಒಂದು ಟೀವಿ ಧಾರಾವಾಹಿ, ಕೊನೆಗೆ ಚರ್ಚಿನೊಳಗಿನ ಲೈಂಗಿಕ ದೌರ್ಜನ್ಯದ ಬಗ್ಗೆ ಒಂದು ಚಿತ್ರ ಇವೆ. ಇವುಗಳನ್ನು ಜೋಡಿಸುವ ಎಳೆ ಯಾವುದು? ಧಾರಾವಾಹಿಯನ್ನು ಅವರು ಹೊಟ್ಟೆಪಾಡಿಗೆ ಮಾಡಿದ್ದೇ? ಇದನ್ನೆಲ್ಲ ಕ್ವಿಬೆಕ್ ಸಿನಿಮಾದ ಒಂದು ಭಾಗ ಎಂದು ತಿಳಿದರೆ ಸಾಲದೇ?

ಉತ್ತರ: ನಿಮ್ಮ ಕೊನೆಯ ಪ್ರಶ್ನೆಯಿಂದಲೇ ಆರಂಭಿಸುತ್ತೇನೆ, ಏಕೆಂದರೆ ಅದನ್ನು ನಿಮ್ಮ ನೆರೆಮನೆಯವರ ಮುಂದೆ ಕೇಳಿದ್ದರೆ ಅವರು ಬೇಸರಪಟ್ಟುಕೊಳ್ಳುತ್ತಿದ್ದರು. ಅಕೇಡಿಯನ್ನರು ಫ್ರೆಂಚ್ ಮಾತನಾಡುತ್ತಾರೆ ನಿಜ, ಆದರೆ ಅವರು ಕ್ವಿಬೆಕ್‌ನವರಲ್ಲ. ಹದಿನೇಳನೆಯ ಶತಮಾನದಲ್ಲಿ ಇಂದಿನ ನೋವಾ ಸ್ಕೋಷಿಯಾದ ಫಂಡಿ ಕೊಲ್ಲಿಯ ದಂಡೆಯಲ್ಲಿ ಒಡ್ಡು ಕಟ್ಟಿ, ಉಪ್ಪುನೀರಿನ ಜೌಗನ್ನು ಹೊಲ ಮಾಡಿಕೊಂಡು ನೆಲೆಸಿದ ಜನ ಇವರು. ಬ್ರಿಟಿಷ್ ದೊರೆಗೆ ಬೇಷರತ್ ನಿಷ್ಠೆಯ ಪ್ರಮಾಣ ಮಾಡಲಿಲ್ಲವೆಂಬ ಕಾರಣಕ್ಕೆ 1755ರಿಂದ 1763ರವರೆಗೆ ಇವರಲ್ಲಿ ಹತ್ತು ಸಾವಿರಕ್ಕೂ ಹೆಚ್ಚು ಮಂದಿಯನ್ನು ಹಡಗುಗಳಲ್ಲಿ ತುಂಬಿ ಬೇರೆ ಬೇರೆ ಕಡೆಗೆ ಸಾಗಿಸಲಾಯಿತು. ತಪ್ಪಿಸಿಕೊಂಡವರು ಮತ್ತು ಮರಳಿ ಬಂದವರು ಉತ್ತರದ ಕಡಲ ತೀರಗಳಲ್ಲಿ ಚದುರಿ ನೆಲೆಸಿದರು. ಹೀಗಾಗಿ ಅಕೇಡಿಯಾಕ್ಕೆ ಬಾವುಟವಿದೆ, ರಾಷ್ಟ್ರಗೀತೆಯಿದೆ, ಆಗಸ್ಟ್ 15ರ ಹಬ್ಬವಿದೆ. ಗಡಿ ಇಲ್ಲ, ಸರ್ಕಾರವೂ ಇಲ್ಲ. ಇಂದು ಅವರ ಬಲವಾದ ನೆಲೆ ನೀವಿರುವ ನ್ಯೂ ಬ್ರನ್ಸ್‌ವಿಕ್ ಪ್ರಾಂತ್ಯವೇ. ಅಲ್ಲಿಯೂ ಫ್ರೆಂಚ್ ಮಾತೃಭಾಷೆಯವರು ಸುಮಾರು ಶೇ 30 ಮಾತ್ರ. ಕ್ವಿಬೆಕ್‌ನ ಚಿತ್ರ ನಿರ್ದೇಶಕರ ಹಿಂದೆ ಸ್ವಂತ ಪ್ರಾಂತೀಯ ಸರ್ಕಾರವಿದೆ, ಮಾಂಟ್ರಿಯಲ್‌ನಂಥ ಮಹಾನಗರವಿದೆ, ಎಪ್ಪತ್ತು ಲಕ್ಷದಷ್ಟು ಫ್ರೆಂಚ್ ಪ್ರೇಕ್ಷಕರಿದ್ದಾರೆ. ನ್ಯೂ ಬ್ರನ್ಸ್‌ವಿಕ್‌ನ ಫ್ರೆಂಚ್ ಪ್ರೇಕ್ಷಕರು ಎರಡೂವರೆ ಲಕ್ಷಕ್ಕಿಂತ ಕಡಿಮೆ. ಚಿತ್ರದ ಬಜೆಟ್ಟು, ಅವಧಿ, ಪ್ರಕಾರ, ಕಡೆಗೆ ಯಾರನ್ನು ಚಿತ್ರೀಕರಿಸಬಹುದು ಎಂಬುದು ಕೂಡ ಈ ಅಂತರದಿಂದಲೇ ನಿರ್ಧಾರವಾಗುತ್ತದೆ.

ಇನ್ನೊಂದು ವಿಷಯ. ಮಾಂಕ್ಟನ್‌ನಲ್ಲಿ ನಿಮ್ಮ ಕಿವಿಗೆ ಬೀಳುವ, ಇಂಗ್ಲಿಷ್ ಕ್ರಿಯಾಪದಗಳಿಗೆ ಫ್ರೆಂಚ್ ಪ್ರತ್ಯಯ ಹಚ್ಚಿ ಆಡುವ ಶಿಯಾಕ್ ಎಂಬ ಮಾತು ಪ್ರಾಂತ್ಯದ ಆಗ್ನೇಯ ಭಾಗದ್ದು. ಬ್ಲಾಂಶಾರ್ ಅವರು ಬಂದಿರುವುದು ಈಶಾನ್ಯದ ತುದಿಯಲ್ಲಿರುವ ಅಕೇಡಿಯನ್ ಪೆನಿನ್ಸುಲಾ ಎಂಬ ಪರ್ಯಾಯ ದ್ವೀಪದ ಕಾರಾಕೆಟ್ ಎಂಬ ಊರಿನಿಂದ. ಅಲ್ಲಿ ಫ್ರೆಂಚ್ ಮಾತನಾಡುವವರೇ ಬಹುಸಂಖ್ಯಾತರು. ಅಂಗಡಿಯಲ್ಲಿ, ಬಂದರಿನಲ್ಲಿ, ಚರ್ಚಿನಲ್ಲಿ ಇಂಗ್ಲಿಷಿನ ಅಗತ್ಯ ಬೀಳದು. ಏಡಿ ಮತ್ತು ಹೆರಿಂಗ್ ಮೀನುಗಾರಿಕೆ, ಸಂಸ್ಕರಣಾ ಕಾರ್ಖಾನೆಗಳು, ಋತುಮಾನದ ದುಡಿಮೆ, ಉಳಿದ ತಿಂಗಳು ನಿರುದ್ಯೋಗ ವಿಮೆ ಎಂಬ ಲೆಕ್ಕದಲ್ಲಿ ಅಲ್ಲಿಯ ವರ್ಷ ಕಳೆಯುತ್ತದೆ. ಮಾಂಕ್ಟನ್‌ನ ಅಕೇಡಿಯನ್ನರಿಗೆ ದಿನವೂ ಎದುರಾಗುವ ಪ್ರಶ್ನೆ ‘ನನ್ನ ಭಾಷೆ ಉಳಿಯುತ್ತದೆಯೇ’ ಎಂಬುದು. ಕಾರಾಕೆಟ್‌ನಲ್ಲಿ ಭಾಷೆ ಮನೆಯ ಗಾಳಿಯ ಹಾಗೆ ಇದ್ದೇ ಇರುವುದರಿಂದ ಪ್ರಶ್ನೆ ಒಳಮುಖವಾಗುತ್ತದೆ: ನಾವು ಒಬ್ಬರಿಗೊಬ್ಬರು ಏನು ಮಾಡಿಕೊಂಡಿದ್ದೇವೆ? ಬ್ಲಾಂಶಾರ್ ಅವರ ಚಿತ್ರಗಳಲ್ಲಿ ಭಾಷೆಯ ಹೋರಾಟ ಅಷ್ಟಾಗಿ ಕಾಣದಿರುವುದಕ್ಕೆ ಇದೇ ಕಾರಣ ಎಂದು ನನ್ನ ಅಭಿಪ್ರಾಯ.

ಅವರ ಕೆಲಸದ ತೂಕ ತಿಳಿಯಬೇಕಾದರೆ ಅವರಿಗಿಂತ ಮೊದಲು ಅಕೇಡಿಯನ್ ಹೆಣ್ಣನ್ನು ತೆರೆಯ ಮೇಲೆ ಯಾರು, ಹೇಗೆ ತೋರಿಸಿದ್ದರು ಎಂಬುದನ್ನು ನೋಡಬೇಕು. 1847ರಲ್ಲಿ ಅಮೆರಿಕದ ಕವಿ ಲಾಂಗ್‌ಫೆಲೋ ‘ಎವಾಂಜೆಲಿನ್’ ಎಂಬ ಕಥನಕಾವ್ಯ ಬರೆದ. ಗಡೀಪಾರಿನ ಗದ್ದಲದಲ್ಲಿ ನಲ್ಲನಿಂದ ಬೇರ್ಪಟ್ಟ ಹುಡುಗಿ ಜೀವಮಾನವಿಡೀ ಅವನನ್ನು ಹುಡುಕುತ್ತ, ಕಾಯುತ್ತ, ಕೊನೆಗೆ ಸಾಯುವ ಗಳಿಗೆಯಲ್ಲಿ ಅವನನ್ನು ಕಾಣುವ ಕತೆ ಅದು. ಆ ಕವಿ ಅಕೇಡಿಯಾದ ನೆಲವನ್ನು ಮೆಟ್ಟಿದವನೇ ಅಲ್ಲ. ಆದರೂ ಆ ಹುಡುಗಿ ಇಡೀ ಜನಾಂಗದ ಮುಖವಾದಳು. ಕೆನಡಾದ ಮೊದಲ ಪೂರ್ಣಾವಧಿಯ ಕಥಾಚಿತ್ರವೆಂದು ಹೆಸರಾಗಿರುವ, 1913ರಲ್ಲಿ ಹ್ಯಾಲಿಫ್ಯಾಕ್ಸ್‌ನ ಕಂಪನಿಯೊಂದು ತೆಗೆದ ಚಿತ್ರ ಇದೇ ಕತೆಯದು. ಅದರ ಪ್ರತಿ ಇಂದು ಉಳಿದಿಲ್ಲ. 1929ರಲ್ಲಿ ಹಾಲಿವುಡ್ ಅದನ್ನು ಮತ್ತೆ ತೆಗೆದಾಗ ಮೆಕ್ಸಿಕೋದ ತಾರೆ ಡೊಲೋರೆಸ್ ಡೆಲ್ ರಿಯೊ ಎವಾಂಜೆಲಿನ್ ಆದರು. ಲೂಯಿಸಿಯಾನಾದಲ್ಲಿರುವ ಎವಾಂಜೆಲಿನ್ ಪ್ರತಿಮೆಯದೂ ಆ ನಟಿಯ ರೂಪವೇ. ಅಕೇಡಿಯನ್ ಹೆಣ್ಣನ್ನು ಬರೆದವರು, ನಟಿಸಿದವರು, ಕೆತ್ತಿದವರು ಎಲ್ಲರೂ ಹೊರಗಿನವರು. ಅವಳ ಪಾಲಿಗೆ ಬಂದ ಕೆಲಸ ಕಾಯುವುದು ಮತ್ತು ಕೊರಗುವುದು.

ಕೆನಡಾದ ರಾಷ್ಟ್ರೀಯ ಚಲನಚಿತ್ರ ಮಂಡಳಿ, ಅಂದರೆ ಎನ್‌ಎಫ್‌ಬಿ, 1939ರಲ್ಲಿ ಆರಂಭವಾಯಿತು. ಸರ್ಕಾರದ ಹಣದಿಂದ ನಡೆಯುವ ಈ ಸಂಸ್ಥೆಯಲ್ಲಿ ಅಕೇಡಿಯನ್ ನಿರ್ದೇಶಕ ಲೆಯೊನಾರ್ ಫೊರೆ ಅವರು 1950ರ ದಶಕದಿಂದಲೇ ಕೆಲಸ ಮಾಡುತ್ತಿದ್ದರು. ಆದರೆ ಅಕೇಡಿಯಾದ ಹೊರಗೆ ಎಲ್ಲರೂ ನೆನಪಿಟ್ಟುಕೊಂಡಿರುವ ಚಿತ್ರ ಕ್ವಿಬೆಕ್‌ನ ಪಿಯೆರ್ ಪೆರೊ ಮತ್ತು ಮಿಶೆಲ್ ಬ್ರೊ 1971ರಲ್ಲಿ ಹೊರತಂದ ‘ಲಕಾಡಿ ಲಕಾಡಿ’. ನೀವು ಮಾಂಕ್ಟನ್‌ನಲ್ಲಿರುವುದರಿಂದ ಇದರ ಒಂದು ದೃಶ್ಯವನ್ನು ವಿವರಿಸುತ್ತೇನೆ. 1968ರ ಫೆಬ್ರವರಿ, ನಗರಸಭೆಯ ಸಭಾಂಗಣ. ಮಾಂಕ್ಟನ್ ವಿಶ್ವವಿದ್ಯಾಲಯ ಹುಟ್ಟಿ ಐದು ವರ್ಷವೂ ತುಂಬಿಲ್ಲ. ಅದರ ವಿದ್ಯಾರ್ಥಿಗಳು ನಗರಾಡಳಿತದಲ್ಲಿ ಫ್ರೆಂಚಿಗೂ ಸ್ಥಾನ ಬೇಕೆಂದು ಕೇಳಲು ಬಂದಿದ್ದಾರೆ. ಮೇಯರ್ ಲೆನಾರ್ಡ್ ಜೋನ್ಸ್ ಅವರ ಮುಖದಲ್ಲಿ ಸ್ನಾಯುವೊಂದೂ ಅಲುಗುವುದಿಲ್ಲ. ಈ ಸಭೆಯಲ್ಲಿ ಮಾತು ಇಂಗ್ಲಿಷಿನಲ್ಲಿ ಎಂಬ ನಿಲುವಿನಿಂದ ಅವರು ಕದಲುವುದೂ ಇಲ್ಲ. ಕೆಲವೇ ದಿನಗಳಲ್ಲಿ ವಿದ್ಯಾರ್ಥಿಗಳು ಹಂದಿಯ ತಲೆಯೊಂದನ್ನು ಮೇಯರ್ ಮನೆಯ ಬಾಗಿಲಿಗೆ ಕಾಣಿಕೆಯಾಗಿ ಒಯ್ಯುತ್ತಾರೆ. ದೊಡ್ಡ ಚಿತ್ರ ಅದು, ಅನುಮಾನವಿಲ್ಲ. ಆದರೆ ಅದರ ಕ್ಯಾಮೆರಾ ಮಾಂಟ್ರಿಯಲ್‌ನಿಂದ ಬಂದಿತ್ತು, ಕೆಲಸ ಮುಗಿದ ಮೇಲೆ ಮಾಂಟ್ರಿಯಲ್‌ಗೆ ಮರಳಿತು. ಚಿತ್ರದ ಕೊನೆಯಲ್ಲಿ ಉಳಿಯುವ ನಿರಾಸೆಯಲ್ಲಿ ಅಕೇಡಿಯನ್ನರ ಸೋಲು ಎಷ್ಟು, ನಿರ್ದೇಶಕರ ಕಣ್ಣಿನದು ಎಷ್ಟು ಎಂಬ ವಾದ ಇನ್ನೂ ಮುಗಿದಿಲ್ಲ.

1974ರಲ್ಲಿ ಎನ್‌ಎಫ್‌ಬಿ ಮಾಂಕ್ಟನ್‌ನಲ್ಲಿಯೇ ಒಂದು ಫ್ರೆಂಚ್ ನಿರ್ಮಾಣ ಕೇಂದ್ರವನ್ನು ತೆರೆಯಿತು. ಊರವರೇ ಊರಿನ ಚಿತ್ರ ತೆಗೆಯುವ ಪರಂಪರೆ ನಿಜವಾಗಿ ಬೇರೂರಿದ್ದು ಆ ಮೇಲೆ. ಚಿತ್ರ ತೆಗೆಯಬೇಕೆಂಬ ಯುವತಿ ಕ್ಯಾಮೆರಾ, ಸಂಕಲನ ಕೋಣೆ, ಹಾಗೂ ಒಪ್ಪಂದಕ್ಕೆ ಸಹಿ ಹಾಕಬಲ್ಲ ನಿರ್ಮಾಪಕನನ್ನು ಹುಡುಕಿಕೊಂಡು ಮಾಂಟ್ರಿಯಲ್‌ಗೆ ಹೋಗಬೇಕಾದ ಅನಿವಾರ್ಯತೆ ತಪ್ಪಿತು. ಮುಂದೆ ಈ ಕೇಂದ್ರದ ಮೂಲಕ ಕೆಲಸ ಮಾಡಿದ ಮಹಿಳೆಯರಲ್ಲಿ ಜಿನೆತ್ ಪೆಲೆರಾಂ ಅವರ ಹೆಸರನ್ನು ಹೇಳಲೇಬೇಕು: 1996ರ ‘ಎವಾಂಜೆಲಿನ್ ಆನ್ ಕೆತ್’ ಚಿತ್ರದಲ್ಲಿ ಅವರು ಲಾಂಗ್‌ಫೆಲೋನ ಆ ಹುಡುಗಿಯನ್ನೇ ಹಿಡಿದು, ಈ ಪುರಾಣ ಯಾರಿಗೆ ಬೇಕಾಗಿತ್ತು ಎಂದು ವಿಚಾರಿಸುತ್ತಾರೆ. ಅದೇ 1996ರಲ್ಲಿ ಎನ್‌ಎಫ್‌ಬಿಯಿಂದಲೇ ಹೊರಬಂದ ಇನ್ನೊಂದು ಸಾಕ್ಷ್ಯಚಿತ್ರ ರೆನೆ ಬ್ಲಾಂಶಾರ್ ಅವರದು. ಈ ಎರಡನ್ನೂ ಅಕ್ಕಪಕ್ಕ ಇಟ್ಟು ನೋಡಿದರೆ, ಪೆಲೆರಾಂ ಕಾವ್ಯದೊಳಗೆ ಕಾಯುತ್ತಿದ್ದ ಹೆಣ್ಣನ್ನು ಪ್ರಶ್ನಿಸುತ್ತಿದ್ದಾಗ ಬ್ಲಾಂಶಾರ್ ಊಟಕ್ಕೆ ಬಡಿಸಿ ನಿಜವಾಗಿಯೂ ಕಾಯುತ್ತಿದ್ದ ಹೆಂಗಸರ ಬಳಿಗೆ ಹೋಗಿದ್ದು ಕಾಣುತ್ತದೆ.

ಬ್ಲಾಂಶಾರ್ ಹುಟ್ಟಿದ್ದು 1964ರಲ್ಲಿ. ಅವರು ಸಿನಿಮಾ ಕಲಿತದ್ದು ಪ್ಯಾರಿಸ್‌ನ ಲಾ ಫೆಮಿಸ್‌ನಲ್ಲಿ. ಫ್ರಾನ್ಸ್‌ನ ಈ ಸರ್ಕಾರಿ ಚಲನಚಿತ್ರ ಶಾಲೆಗೆ ಪ್ರವೇಶ ಸಿಗುವುದೇ ಕಷ್ಟ. ಅಲ್ಲಿಂದ ಹೊರಬಿದ್ದವರಿಗೆ ಪ್ಯಾರಿಸ್ ಅಥವಾ ಮಾಂಟ್ರಿಯಲ್ ಸಹಜ ದಾರಿ. ನಾಲ್ಕು ಸಾವಿರದಷ್ಟು ಜನರ ಕಾರಾಕೆಟ್‌ಗೆ, ಅಲ್ಲಿಯ ಕಡಲ ತೀರಕ್ಕೆ, ಮತ್ತೆ ಮತ್ತೆ ಮರಳಿ ಚಿತ್ರ ತೆಗೆದದ್ದು ಅವರ ಆಯ್ಕೆ. ಇದನ್ನು ಹುಟ್ಟೂರಿನ ಮೇಲಿನ ಅಕ್ಕರೆ ಎಂದಷ್ಟೇ ಹೇಳಿ ಮುಂದೆ ಹೋಗಬಾರದು. ನಾಲ್ಕು ಸಾವಿರ ಜನರ ಊರಿನಲ್ಲಿ ಸಾಕ್ಷ್ಯಚಿತ್ರ ತೆಗೆಯುವುದು ಒಂದು ವಿಶಿಷ್ಟ ಕಷ್ಟದ ಕೆಲಸ. ಇವತ್ತು ಕ್ಯಾಮೆರಾ ಎದುರು ಅತ್ತವರು ನಾಳೆ ದಿನಸಿ ಅಂಗಡಿಯ ಸಾಲಿನಲ್ಲಿ ನಿಮ್ಮ ಮುಂದೆ ನಿಂತಿರುತ್ತಾರೆ. ಅವರ ಮಾತಿನಲ್ಲಿ ಬಂದ ಮೂರನೆಯವರು ನಿಮ್ಮ ತಾಯಿಯ ಗೆಳತಿಯಾಗಿರಬಹುದು. ಹೊರಗಿನಿಂದ ಬಂದ ನಿರ್ದೇಶಕನಿಗೆ ಜನ ಹಬ್ಬದ ಬಟ್ಟೆ ತೊಟ್ಟು ಮಾತನಾಡುತ್ತಾರೆ. ಊರಿನವಳಿಗೆ ಒಂದೋ ಎಲ್ಲವನ್ನೂ ಹೇಳುತ್ತಾರೆ, ಇಲ್ಲವೇ ಬಾಗಿಲೇ ತೆರೆಯುವುದಿಲ್ಲ.

1996ರ ಆ ಚಿತ್ರದ ಹೆಸರು ‘ವೊಕಾಸಿಯಾಂ ಮೆನಾಜೇರ್’. ಹೆಸರಿನಲ್ಲಿಯೇ ಒಂದು ಕೀಟಲೆ ಇದೆ. ಕೆಥೊಲಿಕರಲ್ಲಿ ಮೊದಲ ಪದ ದೇವರ ಕರೆಯನ್ನು, ಅಂದರೆ ಪಾದ್ರಿಯೋ ಸನ್ಯಾಸಿನಿಯೋ ಆಗಲು ಬರುವ ಒಳಗಿನ ಕರೆಯನ್ನು ಸೂಚಿಸುತ್ತದೆ. ಎರಡನೆಯದು ಮನೆವಾರ್ತೆ ನೋಡಿಕೊಳ್ಳುವ ಹೆಂಗಸಿಗೆ ಹೇಳುವ ಪದ. ಪಾದ್ರಿಗಳು ವಾಸಿಸುವ ಗುರುಮನೆಯಲ್ಲಿ ಅಡುಗೆ, ಬಟ್ಟೆ, ಅತಿಥಿ ಸತ್ಕಾರ, ಬಾಗಿಲು ತಟ್ಟಿದವರಿಗೆ ಉತ್ತರ, ಇವನ್ನೆಲ್ಲ ಜೀವಮಾನವಿಡೀ ನಿಭಾಯಿಸಿದ ಹೆಂಗಸರ ಬಗೆಗಿನ ಚಿತ್ರ ಇದು. ಇವರು ಸನ್ಯಾಸಿನಿಯರಲ್ಲ, ಆದ್ದರಿಂದ ಮಠದ ಆಸರೆಯಿಲ್ಲ. ಹೆಂಡತಿಯರಲ್ಲ, ಆದ್ದರಿಂದ ಮನೆಯ ಮೇಲೆ ಹಕ್ಕಿಲ್ಲ. ನೌಕರರು ಎನ್ನೋಣವೆಂದರೆ ಊರು ಅವರ ದುಡಿಮೆಯನ್ನು ಸೇವೆ ಎಂದು ಕರೆಯಿತು. ಇಪ್ಪತ್ತನೆಯ ಶತಮಾನದ ಬಹುಭಾಗ ಅಕೇಡಿಯಾದಲ್ಲಿ ಶಾಲೆ, ಆಸ್ಪತ್ರೆ, ಪತ್ರಿಕೆ, ಸಹಕಾರ ಸಂಘ ಎಲ್ಲವೂ ಚರ್ಚಿನ ನೆರಳಿನಲ್ಲಿಯೇ ಬೆಳೆದವು. ಅಂಥ ಸಮಾಜದ ಚರಿತ್ರೆಯನ್ನು ಬಿಷಪ್‌ನ ಕಚೇರಿಯಿಂದ ಆರಂಭಿಸುವುದು ರೂಢಿ. ಬ್ಲಾಂಶಾರ್ ಅಡುಗೆಕೋಣೆಯ ಬಾಗಿಲಿನಿಂದ ಒಳಗೆ ಹೋದರು. ಅವರ ಮುಂದಿನ ಕೆಲಸದ ಕ್ರಮವೆಲ್ಲ ಈ ಒಂದು ಆಯ್ಕೆಯಲ್ಲಿ ಬೀಜರೂಪದಲ್ಲಿದೆ ಎಂದು ನಾನು ಭಾವಿಸುತ್ತೇನೆ: ಎಲ್ಲರೂ ಬಲ್ಲ ದೊಡ್ಡ ಮನೆ, ಅದರೊಳಗೆ ಯಾರೂ ಮಾತನಾಡಿಸದ ವ್ಯಕ್ತಿ.

2002ರ ‘ರವುಲ್ ಲೆಜೆ, ಲಾ ವೆರಿತೆ ಮೊರ್ಸ್‌ಲೆ’ ನೀವು ಹೇಳಿದ ಗ್ವಾಟೆಮಾಲಾದ ಚಿತ್ರ. ಹೆಸರಿನ ಅರ್ಥ ‘ಚೂರಾದ ಸತ್ಯ’ ಎಂದು. ನ್ಯೂ ಬ್ರನ್ಸ್‌ವಿಕ್‌ನಿಂದ ಹೋದ ರವುಲ್ ಲೆಜೆ ಪಾದ್ರಿಯಲ್ಲ, ಚರ್ಚಿನ ಪರವಾಗಿ ಜನರ ನಡುವೆ ಕೆಲಸ ಮಾಡುತ್ತಿದ್ದ ಕಾರ್ಯಕರ್ತ. ಗ್ವಾಟೆಮಾಲಾದ ಅಂತರ್ಯುದ್ಧ ಉಗ್ರವಾಗಿದ್ದ 1981ರಲ್ಲಿ ಅವರು ಅಲ್ಲಿಯೇ ಕೊಲ್ಲಲ್ಪಟ್ಟರು. ಮೇಲ್ನೋಟಕ್ಕೆ ಇದು ಅಂತಾರಾಷ್ಟ್ರೀಯ ರಾಜಕಾರಣದ ಕತೆ. ಆದರೆ ಚಿತ್ರದ ಜೀವ ಇರುವುದು ಮನೆಯವರಿಗೆ ಯಾರೂ ಪೂರ್ತಿಯಾಗಿ ಹೇಳದ ಸಂಗತಿಯಲ್ಲಿ. ಸರ್ಕಾರಕ್ಕೆ ಗೊತ್ತಿದ್ದುದೆಷ್ಟು, ಚರ್ಚಿಗೆ ಗೊತ್ತಿದ್ದುದೆಷ್ಟು, ಅವರ ಜೊತೆಗಿದ್ದವರು ಬಚ್ಚಿಟ್ಟದ್ದೆಷ್ಟು ಎಂಬುದನ್ನು ಚೂರುಚೂರಾಗಿ ಆಯ್ದು ಜೋಡಿಸಬೇಕಾಗುತ್ತದೆ. ಗುರುಮನೆಯ ಹೆಂಗಸರಿಂದ ಗ್ವಾಟೆಮಾಲಾಕ್ಕೆ ನೆಗೆದಂತೆ ನಿಮಗೆ ಕಂಡಿದ್ದರೆ, ಈ ಎಳೆಯನ್ನು ಹಿಡಿದು ನೋಡಿ. ನೆಗೆತ ಅಷ್ಟು ದೂರದ್ದಲ್ಲ.

ಈಗ ಧಾರಾವಾಹಿಯ ವಿಚಾರ. ‘ಬೆಲ್-ಬೇ’ ಎಂಬುದು ಬ್ಲಾಂಶಾರ್ ಸೃಷ್ಟಿಸಿದ, ಕಲ್ಪಿತ ಅಕೇಡಿಯನ್ ಕಡಲೂರಿನಲ್ಲಿ ನಡೆಯುವ ಕಥಾಸರಣಿ. 2008ರಲ್ಲಿ ಸಾರ್ವಜನಿಕ ಫ್ರೆಂಚ್ ವಾಹಿನಿ ರೇಡಿಯೊ-ಕೆನಡಾದಲ್ಲಿ ಆರಂಭವಾಗಿ ಹಲವು ಸೀಸನ್ ನಡೆಯಿತು. ನಿರ್ಮಾಣ ಮಾಂಕ್ಟನ್‌ನ ಫಾರ್-ಎಸ್ಟ್ ಸಂಸ್ಥೆಯದು, ಅದನ್ನು ಕಟ್ಟಿದವರು ಸೆಸಿಲ್ ಶೆವ್ರಿಯೆ ಎಂಬ ನಿರ್ಮಾಪಕಿ. ಧಾರಾವಾಹಿ ಎಂಬ ಕನ್ನಡ ಪದ ಇಲ್ಲಿ ನಮ್ಮನ್ನು ಸ್ವಲ್ಪ ದಾರಿ ತಪ್ಪಿಸುತ್ತದೆ. ವಾರಕ್ಕೆ ಐದಾರು ಕಂತು, ವರ್ಷಗಟ್ಟಲೆ ಓಟ, ಬೆಳಿಗ್ಗೆ ಬರೆದ ಸಂಭಾಷಣೆಯನ್ನು ಮಧ್ಯಾಹ್ನ ಚಿತ್ರೀಕರಿಸುವ ವೇಗ, ಇವು ನಮ್ಮ ಅನುಭವ. ಇದು ಹಾಗಲ್ಲ. ವಾರಕ್ಕೊಂದು ಕಂತು, ಸೀಮಿತ ಕಂತುಗಳ ಸೀಸನ್, ಪೂರ್ತಿ ಬರೆದು ಮುಗಿಸಿದ ಮೇಲೆ ಚಿತ್ರೀಕರಣ. ಸ್ವರೂಪದಲ್ಲಿ ಅದು ಉದ್ದನೆಯ ಸಿನಿಮಾಕ್ಕೆ ಹತ್ತಿರ.

ಹೊಟ್ಟೆಪಾಡು ಎಂಬ ನಿಮ್ಮ ಮಾತನ್ನು ನಾನು ತಳ್ಳಿಹಾಕುವುದಿಲ್ಲ, ಏಕೆಂದರೆ ಹೊಟ್ಟೆಪಾಡು ಇಲ್ಲಿ ಸಣ್ಣ ವಿಷಯವಲ್ಲ. ಸಾಕ್ಷ್ಯಚಿತ್ರವನ್ನು ನಾಲ್ಕು ಜನರ ತಂಡದಿಂದ ಮುಗಿಸಬಹುದು. ಕಥಾಸರಣಿಗೆ ಛಾಯಾಗ್ರಾಹಕರಿಂದ ಹಿಡಿದು ಧ್ವನಿಗ್ರಹಣ, ಬೆಳಕು, ವೇಷಭೂಷಣ, ಬಡಗಿ, ಅಡುಗೆಯವರು, ವಾಹನ ಚಾಲಕರವರೆಗೆ ಹತ್ತಾರು ಮಂದಿ ತಿಂಗಳುಗಟ್ಟಲೆ ಬೇಕು. ಕಾರಾಕೆಟ್‌ನಲ್ಲಿ ‘ತೆಯಾತ್ರ್ ಪೊಪ್ಯುಲೇರ್ ದಕಾಡಿ’ ಎಂಬ ವೃತ್ತಿರಂಗ ಸಂಸ್ಥೆಯಿದೆ, ಮಾಂಕ್ಟನ್ ವಿಶ್ವವಿದ್ಯಾಲಯದಲ್ಲಿ ನಾಟಕ ವಿಭಾಗವಿದೆ. ನಟನಟಿಯರು ಅಲ್ಲಿ ತಯಾರಾಗುತ್ತಾರೆ. ಆದರೆ ತಯಾರಾದವರಿಗೆ ಕ್ಯಾಮೆರಾ ಎದುರು ಕೆಲಸ ಸಿಗುತ್ತಿದ್ದುದು ಮಾಂಟ್ರಿಯಲ್‌ನಲ್ಲಿ, ಅಲ್ಲಿಯೂ ತಮ್ಮ ಮಾತಿನ ಧಾಟಿಯನ್ನು ಕ್ವಿಬೆಕ್‌ನ ಕಿವಿಗೆ ಹೊಂದಿಸಿಕೊಂಡರೆ ಮಾತ್ರ. ಊರಿನ ಹೊರಗೆ ಅಕೇಡಿಯನ್ ಉಚ್ಚಾರವೆಂದರೆ ಹಾಸ್ಯಪಾತ್ರದ ಲಕ್ಷಣ ಎನ್ನುವಂತೆ ಆಗಿತ್ತು. ಪ್ರೇಮ, ಆಸ್ತಿ ವ್ಯಾಜ್ಯ, ವಂಚನೆ, ಸಾವು, ಇವನ್ನೆಲ್ಲ ಆ ಉಚ್ಚಾರದಲ್ಲಿಯೇ ಗಂಭೀರವಾಗಿ ಆಡುವ ಪಾತ್ರಗಳು ದೇಶವ್ಯಾಪಿ ವಾಹಿನಿಯ ರಾತ್ರಿ ವೇಳೆಯಲ್ಲಿ ಕಾಣಿಸಿಕೊಂಡದ್ದು ಯಾವ ಪ್ರಶಸ್ತಿ ವಿಜೇತ ಸಾಕ್ಷ್ಯಚಿತ್ರವೂ ಮಾಡಲಾಗದ ಕೆಲಸ. ಧಾರಾವಾಹಿಯಾಗಿ ‘ಬೆಲ್-ಬೇ’ ಎಲ್ಲ ಕಡೆಯೂ ಬಿಗಿಯಾಗಿದೆ ಎಂದು ನಾನು ಹೇಳಲಾರೆ. ಕತೆಯ ಗಂಟುಗಳನ್ನು ಬಿಡಿಸಲು ಅದು ಕಾಕತಾಳೀಯಗಳನ್ನು ತುಸು ಹೆಚ್ಚೇ ನಂಬುತ್ತದೆ. ಆದರೂ ಅದನ್ನು ಅವರ ‘ನಿಜವಾದ’ ಕೆಲಸದ ನಡುವಿನ ವಿರಾಮವೆಂದು ಎಣಿಸುವುದು ತಪ್ಪು.

ಇಂಥದೊಂದು ಸರಣಿ ಸಾಧ್ಯವಾದದ್ದು ಹೇಗೆ ಎಂಬುದನ್ನೂ ಹೇಳಬೇಕು, ಇಲ್ಲವಾದರೆ ಒಬ್ಬ ನಿರ್ದೇಶಕಿಯ ಛಲವೊಂದೇ ಕಾರಣವೆಂಬ ಸುಳ್ಳು ಚಿತ್ರ ಉಳಿಯುತ್ತದೆ. 1991ರ ಕೆನಡಾದ ಪ್ರಸಾರ ಕಾಯಿದೆ, ಸಾರ್ವಜನಿಕ ವಾಹಿನಿಯು ಎರಡೂ ಅಧಿಕೃತ ಭಾಷೆಗಳ ಅಲ್ಪಸಂಖ್ಯಾತ ಸಮುದಾಯಗಳ ಅಗತ್ಯಗಳನ್ನು ಬಿಂಬಿಸಬೇಕು ಎಂದು ಹೇಳುತ್ತದೆ. ಕ್ವಿಬೆಕ್‌ನ ಹೊರಗೆ ಫ್ರೆಂಚ್‌ನಲ್ಲಿ ನಡೆಯುವ ನಿರ್ಮಾಣಕ್ಕೆ ರಾಷ್ಟ್ರೀಯ ನಿಧಿಗಳಲ್ಲಿ ಪ್ರತ್ಯೇಕ ಪಾಲು ಇದೆ. ಇದರ ಮೇಲೆ ಪ್ರಾಂತ್ಯದ ತೆರಿಗೆ ರಿಯಾಯಿತಿ ಸೇರಿದರೆ ಮಾತ್ರ ಲೆಕ್ಕ ಕೂಡುತ್ತದೆ. ಈ ಮೂರರಲ್ಲಿ ಒಂದು ಕಾಲು ಮುರಿದರೂ ಪೀಠ ಉರುಳುತ್ತದೆ ಎಂಬುದು 2011ರಲ್ಲಿ ಗೊತ್ತಾಯಿತು: ಆ ವರ್ಷ ನ್ಯೂ ಬ್ರನ್ಸ್‌ವಿಕ್ ಸರ್ಕಾರ ಖರ್ಚು ಉಳಿಸುವ ಹೆಸರಿನಲ್ಲಿ ಚಲನಚಿತ್ರಗಳ ತೆರಿಗೆ ರಿಯಾಯಿತಿಯನ್ನೇ ರದ್ದು ಮಾಡಿತು. ಇಂಗ್ಲಿಷ್ ತಂತ್ರಜ್ಞರು ಪಕ್ಕದ ನೋವಾ ಸ್ಕೋಷಿಯಾಕ್ಕೆ ಹೋಗಿ ಕೆಲಸ ಹುಡುಕಬಹುದಿತ್ತು. ಫ್ರೆಂಚ್‌ನಲ್ಲಿ ಕೆಲಸ ಮಾಡಲು ಕಲಿತವರಿಗೆ ಮತ್ತೆ ಮಾಂಟ್ರಿಯಲ್ ಒಂದೇ ದಾರಿ. ಮುಂದೆ ಬೇರೆ ರೂಪದಲ್ಲಿ ನೆರವು ಬಂದಿತಾದರೂ, ಹೀಗೆ ಚದುರಿದ ತಂಡವನ್ನು ಮತ್ತೆ ಕೂಡಿಸುವುದು ಸುಲಭವಲ್ಲ.

ಕಳೆದ ದಶಕದಲ್ಲಿ ಅವರು ಎನ್‌ಎಫ್‌ಬಿಗಾಗಿ ತೆಗೆದ ‘ನೊ ಜೊಮ್ ದಾಂ ಲ್ವೆಸ್ಟ್’, ಅಂದರೆ ‘ಪಶ್ಚಿಮದಲ್ಲಿರುವ ನಮ್ಮ ಗಂಡಸರು’, ನನಗೆ ವೈಯಕ್ತಿಕವಾಗಿ ಬಹಳ ಹಿಡಿಸಿದ ಕೆಲಸ. ಮೀನುಗಾರಿಕೆ ಮತ್ತು ಕಾರ್ಖಾನೆಗಳು ಎಲ್ಲರಿಗೂ ಅನ್ನ ಕೊಡಲಾರದಾದಾಗ ಪೆನಿನ್ಸುಲಾದ ಗಂಡಸರು ಖಂಡದ ಇನ್ನೊಂದು ಬದಿಯಲ್ಲಿರುವ ಆಲ್ಬರ್ಟಾದ ತೈಲ ಮರಳಿನ ಗಣಿಗಳಿಗೆ ಹೋಗತೊಡಗಿದರು. ಕುಟುಂಬ ಸಮೇತ ವಲಸೆ ಹೋಗುವುದಲ್ಲ. ಕೆಲವು ವಾರ ಅಲ್ಲಿ ದುಡಿಮೆ, ಕೆಲವು ದಿನ ಇಲ್ಲಿ ಮನೆ, ನಡುವೆ ವಿಮಾನ. ಊರಿನಲ್ಲಿ ಹೊಸ ಮನೆಗಳು ಏಳುತ್ತವೆ, ಅಂಗಳದಲ್ಲಿ ದೊಡ್ಡ ಪಿಕಪ್ ಗಾಡಿ ನಿಲ್ಲುತ್ತದೆ, ಊಟದ ಮೇಜಿನ ಒಂದು ಕುರ್ಚಿ ಖಾಲಿ. ಮಕ್ಕಳ ಜ್ವರ, ಮನೆ ಬೆಚ್ಚಗಿಡುವ ಕುಲುಮೆ ಕೆಟ್ಟುಹೋದದ್ದು, ಹಿಮದಲ್ಲಿ ಹೂತ ಬಾಗಿಲು, ಎಲ್ಲವೂ ಉಳಿದವಳ ಪಾಲಿಗೆ. ಗಂಡ ಮನೆಗೆ ಬಂದಾಗ ಅವಳ ದಿನಚರಿಯೊಳಗೆ ಅವನೇ ಅತಿಥಿ. ಕೊಲ್ಲಿ ದೇಶಗಳ ದುಡಿಮೆಯನ್ನು ಬಲ್ಲ ನಮ್ಮ ಕರಾವಳಿಯ ಓದುಗರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಇಲ್ಲಿ ಎವಾಂಜೆಲಿನ್ ಮತ್ತೆ ಬಂದಿದ್ದಾಳೆ, ಆದರೆ ಈ ಸಲ ಅವಳಿಗೆ ಗೃಹಸಾಲದ ಕಂತು ಕಟ್ಟುವುದಿದೆ. ಕಾಯುವುದು ಕಾವ್ಯದಲ್ಲಿ ಒಂದು ಭಾವ, ಈ ಮನೆಗಳಲ್ಲಿ ಅದೊಂದು ದುಡಿಮೆ. ಸಂಬಳವಿಲ್ಲದ ಈ ದುಡಿಮೆಗೂ ಗುರುಮನೆಯ ಹೆಂಗಸಿನ ಸೇವೆಗೂ ಇರುವ ಹೋಲಿಕೆಯನ್ನು ಚಿತ್ರ ಬಾಯಿಬಿಟ್ಟು ಹೇಳುವುದಿಲ್ಲ. ಎರಡನ್ನೂ ನೋಡಿದವರಿಗೆ ತಾನಾಗಿ ಹೊಳೆಯುತ್ತದೆ.

2020ರ ‘ಲ ಸಿಲಾನ್ಸ್’, ಅಂದರೆ ‘ಮೌನ’, ನಿಮ್ಮ ನೆರೆಮನೆಯವರು ಬಹುಶಃ ಮನಸ್ಸಿನಲ್ಲಿಟ್ಟುಕೊಂಡಿದ್ದ ಚಿತ್ರ. ನ್ಯೂ ಬ್ರನ್ಸ್‌ವಿಕ್‌ನ ಹಲವು ಅಕೇಡಿಯನ್ ಊರುಗಳಲ್ಲಿ ದಶಕಗಳ ಕಾಲ ಕೆಲವು ಪಾದ್ರಿಗಳು ಹುಡುಗರ ಮೇಲೆ ಲೈಂಗಿಕ ದೌರ್ಜನ್ಯ ನಡೆಸಿದ್ದರು. ಬ್ಯಾಥರ್ಸ್ಟ್ ಮತ್ತು ಮಾಂಕ್ಟನ್ ಧರ್ಮಪ್ರಾಂತ್ಯಗಳು ಸುಪ್ರೀಂ ಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಮಿಶೆಲ್ ಬಾಸ್ತರಾಶ್ ಅವರ ಮೂಲಕ ಸಂತ್ರಸ್ತರೊಂದಿಗೆ ಪರಿಹಾರದ ಮಾತುಕತೆ ನಡೆಸುವ ಹಂತಕ್ಕೆ ಬಂದದ್ದು ಈ ಶತಮಾನದ ಎರಡನೆಯ ದಶಕದಲ್ಲಿ. ಮಾಂಕ್ಟನ್‌ನಿಂದ ಪೂರ್ವಕ್ಕೆ ಕಡಲ ದಾರಿಯಲ್ಲಿ ಹೋದರೆ ಸಿಗುವ ಕ್ಯಾಪ್-ಪೆಲೆ ಎಂಬ ಊರಿನ ಐಸ್ ಹಾಕಿ ಕ್ರೀಡಾಂಗಣಕ್ಕೆ ಅಂಥ ಒಬ್ಬ ಪಾದ್ರಿಯ ಹೆಸರನ್ನೇ ಇಡಲಾಗಿತ್ತು. ಆತ ಸತ್ತು ಎಷ್ಟೋ ವರ್ಷಗಳಾದ ಮೇಲೆ, 2012ರಲ್ಲಿ, ಸಂತ್ರಸ್ತರು ಬಾಯಿಬಿಟ್ಟ ನಂತರ, ಆ ಹೆಸರನ್ನು ತೆಗೆಯಲಾಯಿತು. ಅಲ್ಲಿಯವರೆಗೆ ನೊಂದವರು ತಮ್ಮ ಮಕ್ಕಳನ್ನು ಆಟಕ್ಕೆ ಕರೆದುಕೊಂಡು ಹೋಗಿದ್ದರೆ ಆ ಹೆಸರಿನ ಕೆಳಗಿನ ಬಾಗಿಲಿನಿಂದಲೇ ಒಳಗೆ ಹೋಗಬೇಕಾಗಿತ್ತು.

ಈ ವಿಷಯದ ಮೇಲೆ ಪತ್ರಕರ್ತನೊಬ್ಬ ಚಿತ್ರ ತೆಗೆದಿದ್ದರೆ ಅಪರಾಧಿಗಳನ್ನು ಬೆನ್ನಟ್ಟುತ್ತಿದ್ದ, ಕಡತಗಳನ್ನು ತೋರಿಸುತ್ತಿದ್ದ. ಬ್ಲಾಂಶಾರ್ ಕೇಳುವ ಪ್ರಶ್ನೆ ಬೇರೆ: ಇಷ್ಟು ದಿನ ಯಾರೂ ಏಕೆ ಹೇಳಲಿಲ್ಲ? ನೊಂದ ಗಂಡಸರು ಐವತ್ತು-ಅರವತ್ತರ ವಯಸ್ಸಿನಲ್ಲಿ ಮೊದಲ ಬಾರಿಗೆ ಮಾತನಾಡುವಾಗ ಅವರ ಜೊತೆಗೆ ಕೂತು, ಅನುಮಾನಪಟ್ಟೂ ಸುಮ್ಮನಿದ್ದ ನೆರೆಹೊರೆಯ ಕಡೆಗೂ ತಿರುಗಿ ನೋಡುವ ಚಿತ್ರ ಇದು. ಗಡೀಪಾರಿನಿಂದ ಬದುಕುಳಿದ ಸಣ್ಣ ಸಮುದಾಯಕ್ಕೆ ಚರ್ಚು ಆಸರೆಯಾಗಿತ್ತು, ಶಾಲೆಯಾಗಿತ್ತು, ಭಾಷೆಯ ಕೋಟೆಯಾಗಿತ್ತು. ಪಾದ್ರಿಯ ಮೇಲೆ ದೂರು ಹೇಳುವುದೆಂದರೆ ಆ ಕೋಟೆಗೆ ಕನ್ನ ಹಾಕಿದಂತೆ. ಹೇಳಿದವನೇ ಊರಿಗೆ ದ್ರೋಹಿ. ಇದನ್ನು ಒಳಗಿನವರಲ್ಲದೆ ಬೇರೆಯವರು ಹೇಳಿದ್ದರೆ ನಿಂದೆಯಾಗುತ್ತಿತ್ತು. ಕಾರಾಕೆಟ್‌ನಲ್ಲಿ ಪ್ರತಿ ಆಗಸ್ಟ್ 15ರ ಸಂಜೆ, ಗಡಿಯಾರ 17:55 ತೋರಿಸುವ ಹೊತ್ತಿಗೆ, ಸಾವಿರಾರು ಜನ ಬೀದಿಗಿಳಿದು ಪಾತ್ರೆ, ತಗಡು, ಕಹಳೆ ಏನು ಸಿಕ್ಕರೂ ಬಡಿದು ಊದಿ ಸದ್ದು ಮಾಡುತ್ತಾರೆ. 1755ರಲ್ಲಿ ನಮ್ಮನ್ನು ಅಳಿಸಲಾಗಲಿಲ್ಲ, ನಾವಿನ್ನೂ ಇದ್ದೇವೆ ಎಂದು ಜಗತ್ತಿಗೆ ಸಾರುವ ತಿಂತಮಾರ್ ಎಂಬ ಆಚರಣೆ ಅದು. ಅಂಥ ಊರಿನ ಮಗಳು ತನ್ನ ಚಿತ್ರಕ್ಕೆ ‘ಮೌನ’ ಎಂದು ಹೆಸರಿಟ್ಟದ್ದನ್ನು ಸ್ಥಳೀಯ ಪ್ರೇಕ್ಷಕರು ಹೇಗೆ ಕೇಳಿಸಿಕೊಂಡಿರಬಹುದು ಎಂಬುದನ್ನು ನೀವೇ ಊಹಿಸಿ.

ಈಗ 1996ರ ಅಡುಗೆಕೋಣೆಗೆ ಹಿಂತಿರುಗಿ. ಗುರುಮನೆ ಎಂಬ ಕಟ್ಟಡವನ್ನು ಬ್ಲಾಂಶಾರ್ ತಮ್ಮ ವೃತ್ತಿಯ ಮೊದಲಲ್ಲಿ ಒಂದು ಬಾಗಿಲಿನಿಂದ ಹೊಕ್ಕರು, ಕಾಲು ಶತಮಾನದ ನಂತರ ಇನ್ನೊಂದು ಬಾಗಿಲಿನಿಂದ. ಮೊದಲ ಸಲ ಒಳಗೆ ಕಂಡದ್ದು ನಿಷ್ಠೆ, ದಣಿವು, ಒಂದಿಷ್ಟು ನಗು. ಎರಡನೆಯ ಸಲ ಅದೇ ಗೋಡೆಗಳು ಮುಚ್ಚಿಟ್ಟಿದ್ದ ಸಂಗತಿ. ಮೊದಲ ಚಿತ್ರದಿಂದ ಗಳಿಸಿದ್ದ ನಂಬಿಕೆ ಇಲ್ಲದೆ ಎರಡನೆಯದು ಆಗುತ್ತಿತ್ತೇ ಎಂದು ನಾನು ಅನೇಕ ಸಲ ಯೋಚಿಸಿದ್ದೇನೆ. ಧಾರಾವಾಹಿ ನಡೆದ ವರ್ಷಗಳಲ್ಲಿ ಪೆನಿನ್ಸುಲಾದ ಮನೆಮನೆಗಳಲ್ಲಿ ಅವರ ಹೆಸರು ಪರಿಚಿತವಾಯಿತು ಎಂಬುದನ್ನೂ ಇದರ ಜೊತೆ ಸೇರಿಸಿ. ಅವರು ಕದ ತಟ್ಟಿದಾಗ ಜನ ಬಾಗಿಲು ತೆರೆದದ್ದಕ್ಕೆ ಟೀವಿಯ ಪಾಲೂ ಇದೆ.

ಅವರನ್ನು ಒಬ್ಬಂಟಿ ಸಾಧಕಿಯಂತೆ ನೋಡಬೇಡಿ ಎಂಬುದು ನನ್ನ ಇನ್ನೊಂದು ವಿನಂತಿ. ಮರಿ ಕಾದ್ಯೊ 2009ರಲ್ಲಿ, ಮಿಶೆಲ್ ಬ್ರೊ ನಲವತ್ತು ವರ್ಷ ಹಿಂದೆ ಮಾಂಕ್ಟನ್‌ನ ಒಂದು ತರಗತಿಯಲ್ಲಿ ಶಿಯಾಕ್ ಮಾತಿನ ಬಗ್ಗೆ ತೆಗೆದಿದ್ದ ಪುಟ್ಟ ಚಿತ್ರಕ್ಕೆ ಮುಂದಿನ ಭಾಗ ಮಾಡಿದರು. ಮೊನಿಕ್ ಲಬ್ಲಾಂ 2019ರಲ್ಲಿ ಕ್ವಿಬೆಕ್‌ನ ಕವಯಿತ್ರಿ ಲೂಯಿಸ್ ದ್ಯುಪ್ರೆ ಅವರ ದೀರ್ಘ ಕವನವೊಂದನ್ನು ಚಿತ್ರವಾಗಿಸಿದರು. ಅಕೇಡಿಯನ್ ನಿರ್ದೇಶಕಿ ಅಕೇಡಿಯಾದ ಬಗ್ಗೆಯೇ ಚಿತ್ರ ತೆಗೆಯಬೇಕೆಂಬ ನಿರೀಕ್ಷೆಯನ್ನು ಅದು ಸುಮ್ಮನೆ ಬದಿಗೆ ಸರಿಸುತ್ತದೆ. ಇವರಾರೂ ಒಂದೇ ಬಳಗವಲ್ಲ, ಶೈಲಿಯೂ ಒಂದಲ್ಲ. ಆದರೆ ಎಲ್ಲರಿಗೂ ಮಾಂಕ್ಟನ್‌ನ ಅದೇ ಕೇಂದ್ರ, ಅದೇ ಕೆಲವು ನಿರ್ಮಾಪಕರು, ಮತ್ತು 1980ರ ದಶಕದಿಂದ ನಡೆದುಬಂದಿರುವ ಅಲ್ಲಿಯ ಫ್ರೆಂಚ್ ಚಿತ್ರೋತ್ಸವವೇ ಆಧಾರ.

ಇನ್ನು ನೋಡುವ ಕ್ರಮ. ಎನ್‌ಎಫ್‌ಬಿ ತನ್ನ ಚಿತ್ರಗಳಲ್ಲಿ ಅನೇಕವನ್ನು ತನ್ನ ಜಾಲತಾಣದಲ್ಲಿ ಉಚಿತವಾಗಿ ಇಟ್ಟಿದೆ. ಕೆಲವಕ್ಕೆ ಇಂಗ್ಲಿಷ್ ಅಡಿಬರಹವೂ ಇದೆ. ‘ಮೌನ’ದಿಂದ ಆರಂಭಿಸಬೇಡಿ. ಮೊದಲು ಪೆರೊ-ಬ್ರೊ ಜೋಡಿಯ ಚಿತ್ರದಲ್ಲಿ ನಗರಸಭೆಯ ದೃಶ್ಯದವರೆಗೆ ನೋಡಿ, ನೀವು ದಿನವೂ ಓಡಾಡುವ ಬೀದಿಗಳು ಆಗ ಹೇಗಿದ್ದವು ಎಂದು ತಿಳಿಯುತ್ತದೆ. ಆಮೇಲೆ ‘ಪಶ್ಚಿಮದಲ್ಲಿರುವ ನಮ್ಮ ಗಂಡಸರು’, ಅದಾದ ಮೇಲೆ ಗುರುಮನೆಯ ಹೆಂಗಸರು, ಕೊನೆಗೆ ‘ಮೌನ’. ‘ಬೆಲ್-ಬೇ’ಯ ಒಂದೆರಡು ಕಂತು ಸಿಕ್ಕರೆ ಒಬ್ಬರೇ ನೋಡಬೇಡಿ, ನೆರೆಮನೆಯವರನ್ನು ಚಹಾಕ್ಕೆ ಕರೆಯಿರಿ. ಮಾಂಕ್ಟನ್‌ನವರಾದರೆ ಆ ಉಚ್ಚಾರ ನಮ್ಮದಲ್ಲ, ಉತ್ತರದವರದು ಎಂದು ಮೊದಲ ಐದು ನಿಮಿಷದಲ್ಲೇ ತಕರಾರು ತೆಗೆಯುತ್ತಾರೆ. ಪೆನಿನ್ಸುಲಾದವರಾದರೆ ಹಿನ್ನೆಲೆಯಲ್ಲಿ ಕಾಣುವ ದೋಣಿಕಟ್ಟೆ ಯಾವುದು ಎಂದು ಹೇಳಬಲ್ಲರು.